ತೋಟದಲ್ಲಿ ದುಡಿದ ನಾಲ್ಕು ವರ್ಷ ವಲಸೆಯ ಅಂಕಲೆಕ್ಕಕ್ಕೆ ಸೇರುತ್ತದೆಯೇ?

ಮಕ್ಕಂದೂರಿನವ
2025 ಜೂನ್ 8

ಎಲ್ಲರಿಗೂ ನಮಸ್ಕಾರ. ನಾನು ಮಡಿಕೇರಿ ತಾಲ್ಲೂಕಿನ ಮಕ್ಕಂದೂರು ಕಡೆಯವನು. ವಯಸ್ಸು 32, ಬರುವ ಸೆಪ್ಟೆಂಬರಿಗೆ 33 ತುಂಬುತ್ತದೆ. 2014ರಲ್ಲಿ ಸಿವಿಲ್ ಎಂಜಿನಿಯರಿಂಗ್ ಮುಗಿಸಿ, ಅದೇ ವರ್ಷದ ಆಗಸ್ಟಿನಿಂದ ಬೆಂಗಳೂರಿನ ಒಂದು ವಿನ್ಯಾಸ ಕಚೇರಿಯಲ್ಲಿ ನಾಲ್ಕು ವರ್ಷ ಕೆಲಸ ಮಾಡಿದೆ. 2018ರ ಆಗಸ್ಟಿನ ಮಳೆಯಲ್ಲಿ ನಮ್ಮ ತೋಟದ ಮೇಲಿನ ಗುಡ್ಡ ಜರಿದು, ಹನ್ನೆರಡು ಎಕರೆಯಲ್ಲಿ ಮೂರು ಎಕರೆಗೂ ಹೆಚ್ಚಿನ ಭಾಗ ಗಿಡ, ಮರ, ಮೆಣಸಿನ ಬಳ್ಳಿ ಸಮೇತ ಹೊಳೆಗೆ ಇಳಿಯಿತು. ತಂದೆಯವರೊಬ್ಬರ ಕೈಯಲ್ಲಿ ಅದನ್ನು ನಿಭಾಯಿಸಲು ಆಗುವಂತಿರಲಿಲ್ಲ. ಕೆಲಸ ಬಿಟ್ಟು ಊರಿಗೆ ಬಂದು 2022ರ ಮೇ ತನಕ ತೋಟದಲ್ಲೇ ಇದ್ದೆ. ನೀರು ಹರಿಯಲು ಕಾಲುವೆ ತೆಗೆಸಿದ್ದು, ರೊಬಸ್ಟಾ ಮರುನಾಟಿ ಮಾಡಿಸಿದ್ದು, ಆಳುಗಳ ಲೆಕ್ಕ ನೋಡಿಕೊಂಡದ್ದು ಎಲ್ಲವೂ ನಾನೇ. 2022ರ ಜೂನಿನಿಂದ ಕುಶಾಲನಗರದ ಒಬ್ಬ ಗುತ್ತಿಗೆದಾರರ ಬಳಿ ಸೈಟ್ ಎಂಜಿನಿಯರ್ ಆಗಿದ್ದೇನೆ. ರಸ್ತೆ ಬದಿಯ ತಡೆಗೋಡೆಗಳ ಕೆಲಸವೇ ಹೆಚ್ಚು.

ನನ್ನ ಪತ್ನಿಗೆ 29 ವರ್ಷ. ಬಿ.ಎಸ್ಸಿ., ಬಿ.ಎಡ್. ಮುಗಿಸಿ, ಮಡಿಕೇರಿಯ ಒಂದು ಖಾಸಗಿ ಪ್ರೌಢಶಾಲೆಯಲ್ಲಿ ಆರು ವರ್ಷಗಳಿಂದ ಗಣಿತ ಕಲಿಸುತ್ತಿದ್ದಾಳೆ. ನಮಗೆ ಮೂರು ವರ್ಷದ ಮಗಳಿದ್ದಾಳೆ.

ಕೆನಡಾ ಅಥವಾ ಆಸ್ಟ್ರೇಲಿಯಾಕ್ಕೆ ಪಿಆರ್ (ಕಾಯಂ ವಾಸದ ಅನುಮತಿ) ಅರ್ಜಿ ಹಾಕಬೇಕೆಂದು ಮೈಸೂರಿನ ಒಬ್ಬ ಏಜೆಂಟರನ್ನು ಕಂಡೆವು. ಅವರು ಹೇಳಿದ್ದು ಹೀಗೆ. ನಾಲ್ಕು ವರ್ಷ ಖಾಲಿ ಬಿಟ್ಟರೆ ಅರ್ಜಿ ನಿಲ್ಲುವುದಿಲ್ಲ, ಆದ್ದರಿಂದ ತಂದೆಯವರು ನನ್ನನ್ನು ತಿಂಗಳಿಗೆ 45 ಸಾವಿರ ಸಂಬಳದ ಫಾರಂ ಮ್ಯಾನೇಜರ್ ಆಗಿ ನೇಮಿಸಿಕೊಂಡಿದ್ದರೆಂದು ಎಸ್ಟೇಟಿನ ಲೆಟರ್‌ಹೆಡ್‌ನಲ್ಲಿ ಪತ್ರ ಕೊಡಬೇಕು. ಹಣದ ಪುರಾವೆಗೆ ತೋಟದ ಮೌಲ್ಯಮಾಪನ ಮಾಡಿಸಿದರೆ ಸಾಕು. ಹುಟ್ಟುಹಬ್ಬಕ್ಕೆ ಮುಂಚೆ ಅರ್ಜಿ ಹೋಗಲೇಬೇಕು, ಇಲ್ಲವಾದರೆ ಅಂಕ ಬೀಳುತ್ತದೆ. ಶುಲ್ಕ 2 ಲಕ್ಷ 40 ಸಾವಿರ. ನನ್ನ ಐಇಎಲ್‌ಟಿಎಸ್ ಎಂಬ ಇಂಗ್ಲಿಷ್ ಪರೀಕ್ಷೆಯ ಅಂಕಗಳು ಆಲಿಸುವಿಕೆ 8, ಓದು 7.5, ಬರಹ 6.5, ಮಾತು 7. ಇಷ್ಟೇ ಸಾಕೆಂದೂ ಅವರು ಹೇಳಿದರು.

ಆ ನಾಲ್ಕು ವರ್ಷ ನಾನು ಸುಮ್ಮನೆ ಕುಳಿತವನಲ್ಲ. ಬೆಂಗಳೂರಿನಲ್ಲಿ ಕಲಿತದ್ದಕ್ಕಿಂತ ಹೆಚ್ಚನ್ನು ಆ ಗುಡ್ಡದಲ್ಲಿ ಕಲಿತಿದ್ದೇನೆ. ಆದರೆ ಒಂದು ದಿನವೂ ಸಂಬಳ ಪಡೆದಿಲ್ಲ. ತಂದೆಯವರಿಂದ ಅಂಥ ಪತ್ರ ಬರೆಸಲು ನನಗೆ ಮನಸ್ಸು ಒಪ್ಪುತ್ತಿಲ್ಲ. ಪತ್ರವಿಲ್ಲದೆ ನಮಗೆ ದಾರಿ ಇದೆಯೇ? ತಿಳಿದವರು ದಯವಿಟ್ಟು ಹೇಳಬೇಕು.

ನಾಪೋಕ್ಲು–ಅಡಿಲೇಡ್
2025 ಜೂನ್ 9

ಆ ಪತ್ರವನ್ನು ಬರೆಸಬೇಡಿ. ಅದು ತಪ್ಪು ಎಂಬುದು ನಿಮಗೇ ತಿಳಿದಿದೆ. ಅದರಿಂದ ನಿಮಗೆ ಒಂದೇ ಒಂದು ಅಂಕವೂ ಹೆಚ್ಚುವುದಿಲ್ಲ ಎಂಬುದನ್ನು ಮಾತ್ರ ನಾನು ಇಲ್ಲಿ ತೋರಿಸುತ್ತೇನೆ.

ಮೊದಲು ಕೆನಡಾ. ಅಂಕ ಕೊಟ್ಟು ವಲಸಿಗರನ್ನು ಆರಿಸುವ ಪದ್ಧತಿಯನ್ನು 1967ರಲ್ಲಿ ಆರಂಭಿಸಿದ ದೇಶ ಅದು. ಈಗ ಅಲ್ಲಿ ಎರಡು ಲೆಕ್ಕಗಳಿವೆ, ಏಜೆಂಟರು ಹಲವು ಬಾರಿ ಎರಡನ್ನೂ ಬೆರೆಸಿ ಹೇಳುತ್ತಾರೆ. ಒಂದು, ಫೆಡರಲ್ ಸ್ಕಿಲ್ಡ್ ವರ್ಕರ್ ವಿಭಾಗಕ್ಕೆ ಅರ್ಹತೆ ಇದೆಯೇ ಎಂದು ನೋಡುವ 100 ಅಂಕಗಳ ಲೆಕ್ಕ. ಇದರಲ್ಲಿ 67 ಬಂದರೆ ಬಾಗಿಲು ತೆರೆಯುತ್ತದೆ. ಇನ್ನೊಂದು, ಒಳಗೆ ಬಂದವರನ್ನು ಸಾಲಿನಲ್ಲಿ ನಿಲ್ಲಿಸುವ ಸಿಆರ್‌ಎಸ್ ಎಂಬ 1200 ಅಂಕಗಳ ಲೆಕ್ಕ. ಮೊದಲನೆಯದರಲ್ಲಿ ನಿಮಗೆ ಭಾಷೆಗೆ 23, ಪದವಿಗೆ 21, ವಯಸ್ಸಿಗೆ 12 ಸಿಗುತ್ತದೆ. ಅನುಭವಕ್ಕೆ ಹೆಚ್ಚೆಂದರೆ 15, ಅದೂ ಆರು ವರ್ಷ ತುಂಬಿದವರಿಗೆ. ಕಳೆದ ಹತ್ತು ವರ್ಷಗಳ ಕೆಲಸವನ್ನಷ್ಟೇ ಎಣಿಸುವುದರಿಂದ ನಿಮ್ಮ ಬೆಂಗಳೂರಿನ ಕೆಲಸದಲ್ಲಿ 2015ರ ಜೂನಿಗಿಂತ ಹಿಂದಿನ ಹತ್ತು ತಿಂಗಳು ಈಗಾಗಲೇ ಹೊರಗೆ ಹೋಗಿವೆ. ಉಳಿದ ಮೂರು ವರ್ಷ ಎರಡು ತಿಂಗಳಿಗೆ ಕುಶಾಲನಗರದ ಮೂರು ವರ್ಷ ಸೇರಿಸಿದರೆ ಆರು ವರ್ಷ ದಾಟಿತು, 15 ಅಂಕವೂ ಬಂತು. ಒಟ್ಟು 71. ತೋಟದ ನಾಲ್ಕು ವರ್ಷವನ್ನು ಸೇರಿಸಿದರೂ ಅದು 71ಕ್ಕೇ ನಿಲ್ಲುತ್ತದೆ. ಸಿಆರ್‌ಎಸ್‌ನಲ್ಲಿ ಹೊರದೇಶದ ಅನುಭವಕ್ಕೆ ಮೂರು ವರ್ಷ ತುಂಬಿದರೆ ಅಲ್ಲಿಗೆ ಮುಗಿಯಿತು. ಅಲ್ಲಿಯೂ ಆ ಪತ್ರಕ್ಕೆ ಕೆಲಸವಿಲ್ಲ.

ಹಾಗೆಂದು ಆ ವರ್ಷಗಳನ್ನು ಮುಚ್ಚಿಡಬೇಕಾಗಿಯೂ ಇಲ್ಲ. ಅರ್ಜಿಯಲ್ಲಿ ಹತ್ತು ವರ್ಷಗಳ ವೈಯಕ್ತಿಕ ವಿವರವನ್ನು ಒಂದು ತಿಂಗಳೂ ಬಿಡದೆ ಬರೆಯಬೇಕಾಗುತ್ತದೆ. ಅಲ್ಲಿ ‘ಕುಟುಂಬದ ಕಾಫಿ ತೋಟದ ಮೇಲ್ವಿಚಾರಣೆ, ಸಂಬಳವಿಲ್ಲ’ ಎಂದು ಇದ್ದಂತೆ ಬರೆದರೆ ಆಯಿತು. ಅಂಕ ಸಿಗದ ವರ್ಷವು ಅರ್ಜಿಗೆ ಕಳಂಕವಲ್ಲ. ಆದರೆ ಸುಳ್ಳು ಪತ್ರ ಹಾಗಲ್ಲ. ಕೆನಡಾದಲ್ಲಿ ಸುಳ್ಳು ಮಾಹಿತಿ ಕೊಟ್ಟದ್ದು ತಿಳಿದರೆ ಐದು ವರ್ಷ ಅರ್ಜಿ ಹಾಕುವಂತಿಲ್ಲ. ಆಸ್ಟ್ರೇಲಿಯಾದಲ್ಲಿ ಮೂರು ವರ್ಷ ನಿರ್ಬಂಧ, ಅದು ಅರ್ಜಿಯಲ್ಲಿ ಸೇರಿದ ಕುಟುಂಬದವರಿಗೂ ತಟ್ಟುತ್ತದೆ. 45 ಸಾವಿರ ಸಂಬಳ ಎಂದು ಬರೆದ ಮೇಲೆ ಅದು ಯಾವ ಖಾತೆಗೆ ಬಂತು ಎಂದು ಅಧಿಕಾರಿ ಕೇಳುತ್ತಾರೆ. ಕಾಫಿ ಹಣ್ಣು ಮಾರಿದ ಚೀಟಿಗಳೆಲ್ಲ ತಂದೆಯವರ ಹೆಸರಿನಲ್ಲಿ, ನಿಮ್ಮ ಹೆಸರಿನಲ್ಲಿ ಫಾರಂ 16 ಇಲ್ಲ, ಪಿಎಫ್ ಇಲ್ಲ. ಏನನ್ನು ತೋರಿಸುತ್ತೀರಿ?

ಈಗ ಹುಟ್ಟುಹಬ್ಬದ ಮಾತು. ಸಿಆರ್‌ಎಸ್‌ನಲ್ಲಿ ಸಂಗಾತಿಯೊಂದಿಗೆ ಅರ್ಜಿ ಹಾಕುವವರಿಗೆ 32ಕ್ಕೆ 85 ಅಂಕ, 33ಕ್ಕೆ 80. ಅಂದರೆ ಸೆಪ್ಟೆಂಬರಿನಲ್ಲಿ ನೀವು ಕಳೆದುಕೊಳ್ಳುವುದು 5 ಅಂಕ. ನಿಮ್ಮ ಬರಹದ 6.5 ಏನಾದರೂ 7 ಆಗಿದ್ದರೆ ಎಷ್ಟು ಸಿಗುತ್ತಿತ್ತು ಗೊತ್ತೇ? ಬರಹಕ್ಕೇ 22ರ ಬದಲು 29. ಪದವಿ ಮತ್ತು ಭಾಷೆಯನ್ನು ಸೇರಿಸಿ ಕೊಡುವ 13ರ ಬದಲು 25. ಅನುಭವ ಮತ್ತು ಭಾಷೆಯನ್ನು ಸೇರಿಸಿ ಕೊಡುವ 25ರ ಬದಲು 50. ನಾಲ್ಕೂ ವಿಭಾಗಗಳಲ್ಲಿ ಕೆನಡಾದ ಭಾಷಾ ಅಳತೆಯ ಒಂಬತ್ತನೆಯ ಮಟ್ಟ ಮುಟ್ಟಿದವರಿಗೆ ಮಾತ್ರ ಈ ದೊಡ್ಡ ಅಂಕಗಳು ತೆರೆದುಕೊಳ್ಳುತ್ತವೆ. ಅರ್ಧ ಬ್ಯಾಂಡಿನಿಂದ 44 ಅಂಕ! ಇಷ್ಟೇ ಸಾಕೆಂದು ನಿಮಗೆ ಹೇಳಿದವರು ಈ ಕೋಷ್ಟಕವನ್ನು ತೆರೆದು ನೋಡಿದವರಲ್ಲ, ಇಲ್ಲವೇ ನೋಡಿಯೂ ಹೇಳಲಿಲ್ಲ.

ಆದರೂ ನಿಮಗೆ ಸುಳ್ಳು ಭರವಸೆ ಕೊಡಲಾರೆ. ಇಂದಿನ ನಿಮ್ಮ ಸಿಆರ್‌ಎಸ್ ಅಂಕ 344. ಪತ್ನಿಯವರ ವಿದ್ಯೆ ಮತ್ತು ಇಂಗ್ಲಿಷಿನಿಂದ ಹೆಚ್ಚೆಂದರೆ 29 ಸೇರುತ್ತದೆ. ಬರಹ ಸರಿಯಾದರೂ 417. ಕೆನಡಾದೊಳಗೆ ಕೆಲಸ ಮಾಡುತ್ತಿರುವವರನ್ನು ಕರೆಯುವ ಸುತ್ತುಗಳ ಕನಿಷ್ಠ ಅಂಕವೇ 2025ರಲ್ಲಿ 500ರ ಮೇಲೆ ನಿಂತಿದೆ. ಉದ್ಯೋಗದ ಆಹ್ವಾನಕ್ಕೆ ಕೊಡುತ್ತಿದ್ದ ಅಂಕಗಳನ್ನೂ ಮಾರ್ಚ್ 25ರಿಂದ ತೆಗೆದುಹಾಕಿದ್ದಾರೆ. ಯಾವುದಾದರೂ ಪ್ರಾಂತ್ಯ ನಾಮನಿರ್ದೇಶನ ಮಾಡಿದರೆ 600 ಅಂಕ ಬಂದು ಎಲ್ಲ ಪರಿಹಾರವಾಗುತ್ತದೆ, ಆದರೆ ಅದು ಮನೆಯಲ್ಲಿ ಕುಳಿತು ನಿಶ್ಚಯಿಸಬಹುದಾದ ವಿಷಯವಲ್ಲ. ಫ್ರೆಂಚ್ ಬಲ್ಲವರ ಸುತ್ತು ಮಾರ್ಚಿನಲ್ಲಿ 379ಕ್ಕೆ ಇಳಿದಿತ್ತು, ಆದರೆ ಆ ಮಟ್ಟದ ಫ್ರೆಂಚ್ ಕಲಿಯಲು ಒಂದೂವರೆ ಎರಡು ವರ್ಷದ ಶ್ರದ್ಧೆ ಬೇಕು. ಹಾಗಾಗಿ ಆಸ್ಟ್ರೇಲಿಯಾದ ಕಡೆ ನೋಡುವುದೇ ಒಳಿತೆಂದು ನನ್ನ ಅಭಿಪ್ರಾಯ.

ಇಲ್ಲಿ 65 ಅಂಕ ಕನಿಷ್ಠ ಮಿತಿ. ಅದರ ಮೇಲೆ ಪೈಪೋಟಿ. ವಯಸ್ಸಿಗೆ ಈಗ 30, ಸೆಪ್ಟೆಂಬರಿನಿಂದ 25. ಆಹ್ವಾನ ಬಂದ ದಿನದ ವಯಸ್ಸೇ ಲೆಕ್ಕ, ಅರ್ಜಿ ಹಾಕಿದ ದಿನದ್ದಲ್ಲ. ಪದವಿಗೆ 15, ಐದು ವರ್ಷ ದಾಟಿದ ಅನುಭವಕ್ಕೆ 10. ಇಂಗ್ಲಿಷಿಗೆ ನಿಮಗೆ ಸೊನ್ನೆ, ಏಕೆಂದರೆ ನಾಲ್ಕರಲ್ಲೂ 7 ಇದ್ದರೆ 10, ನಾಲ್ಕರಲ್ಲೂ 8 ಇದ್ದರೆ 20. ಸರಾಸರಿಯನ್ನು ಯಾರೂ ನೋಡುವುದಿಲ್ಲ. ಇಲ್ಲಿಯೂ ಅದೇ 6.5 ಕಾಲಿಗೆ ತೊಡಕು.

ಎಂಜಿನಿಯರ್ಸ್ ಆಸ್ಟ್ರೇಲಿಯಾ ಸಂಸ್ಥೆಯಿಂದ ನಿಮ್ಮ ಕೌಶಲದ ಮೌಲ್ಯಮಾಪನ ಆಗಬೇಕು. ಎಂಜಿನಿಯರಿಂಗ್ ಪದವಿಗಳನ್ನು ದೇಶಗಳು ಪರಸ್ಪರ ಒಪ್ಪುವ ವಾಷಿಂಗ್ಟನ್ ಒಪ್ಪಂದಕ್ಕೆ ಭಾರತ 2014ರಲ್ಲಿ ಸೇರಿದ್ದರೂ ಅದು ಟಿಯರ್ 1 ಮಾನ್ಯತೆ ಇರುವ ಕೋರ್ಸುಗಳಿಗೆ ಮಾತ್ರ ಅನ್ವಯ. ನಿಮ್ಮದು ಸ್ವಾಯತ್ತ ಕಾಲೇಜಲ್ಲದಿದ್ದರೆ ಸಿಡಿಆರ್ ಎಂಬ ವರದಿ ಬರೆಯಬೇಕು. ಅದರಲ್ಲಿ ನಿಮ್ಮ ಕೆಲಸದ ಮೂರು ಪ್ರಸಂಗಗಳನ್ನು ಒಂದೊಂದಕ್ಕೂ 1000ದಿಂದ 2500 ಪದಗಳಲ್ಲಿ ವಿವರಿಸಬೇಕು. ದುಡ್ಡಿಗೆ ಬರೆದುಕೊಡುವವರಿದ್ದಾರೆ, ಅವರ ಬಳಿಗೆ ಹೋಗಬೇಡಿ. ನಕಲನ್ನು ಅವರು ಹಿಡಿಯುತ್ತಾರೆ. ನನ್ನದನ್ನು ಬರೆಯುವಾಗ ನನಗೆ ಅತಿ ಕಷ್ಟವಾದದ್ದು ‘ನಾನು’ ಎನ್ನುವುದು. ನಮ್ಮ ಕಡೆಯವರು ಒಬ್ಬರೇ ಮಾಡಿದ ಕೆಲಸವನ್ನೂ ‘ನಾವು ಮಾಡಿದೆವು’ ಎನ್ನುತ್ತೇವೆ. ಅಲ್ಲಿ ಹಾಗೆ ಬರೆದರೆ ಕೆಲಸ ಬೇರೆಯವರದು ಎಂದು ಓದಿಕೊಳ್ಳುತ್ತಾರೆ. ನೀವು ಕಟ್ಟಿಸಿದ ತಡೆಗೋಡೆಯನ್ನೇ ತೆಗೆದುಕೊಳ್ಳಿ. ಗೋಡೆಯ ಹಿಂದೆ ನಿಂತ ನೀರಿನ ಒತ್ತಡವನ್ನು ಎಷ್ಟೆಂದು ಲೆಕ್ಕ ಹಾಕಿದಿರಿ, ನೀರು ಹೊರಬರುವ ತೂತುಗಳನ್ನು ಎಷ್ಟು ಅಂತರಕ್ಕೆ ಇಟ್ಟಿರಿ, ಹಿಂಬದಿಗೆ ಜಲ್ಲಿ ಏಕೆ ತುಂಬಿಸಿದಿರಿ, ಮೊದಲ ಮಳೆಗಾಲದಲ್ಲಿ ಏನು ಕಂಡಿರಿ, ಏನನ್ನು ಬದಲಿಸಿದಿರಿ ಎಂಬುದನ್ನು ‘ನಾನು’ ಎಂದು ಬರೆಯಿರಿ. ಕೊಡಗಿನ ಮಳೆಯಲ್ಲಿ ನಿಂತ ಗೋಡೆಯ ಕಥೆ ಯಾವ ಮೌಲ್ಯಮಾಪಕರಿಗೂ ಸಣ್ಣದೆನಿಸುವುದಿಲ್ಲ.

ನಿವೃತ್ತ ಬ್ಯಾಂಕಿನವ, ವಿರಾಜಪೇಟೆ
2025 ಜೂನ್ 9

ಹಣದ ಪುರಾವೆಯ ಬಗ್ಗೆ ಮಾತ್ರ ಬರೆಯುತ್ತೇನೆ, ಉಳಿದದ್ದನ್ನು ಮೇಲಿನವರು ಚೆನ್ನಾಗಿ ಹೇಳಿದ್ದಾರೆ. ಶಾಖೆಯಲ್ಲಿದ್ದಾಗ ಕೆನಡಾದ ಅರ್ಜಿಗಾಗಿ ಇಂಥ ಪತ್ರಗಳಿಗೆ ನಾನೇ ಸಹಿ ಹಾಕಿದ್ದೇನೆ.

ತೋಟದ ಬೆಲೆ ಎಷ್ಟೇ ಕೋಟಿ ಇರಲಿ, ಕೆನಡಾದವರಿಗೆ ಅದು ಹಣವಲ್ಲ. ಆಸ್ತಿಯ ಮೌಲ್ಯವನ್ನು ಪುರಾವೆಯಾಗಿ ತೋರಿಸುವಂತಿಲ್ಲವೆಂದು ಅವರೇ ಸ್ಪಷ್ಟವಾಗಿ ಬರೆದಿದ್ದಾರೆ. ಅದರಲ್ಲೂ ನಮ್ಮ ಜಮ್ಮಾ ಭೂಮಿಯ (ಕೊಡಗಿನ ವಂಶಪಾರಂಪರ್ಯದ ಹಿಡುವಳಿ) ಆರ್‌ಟಿಸಿಯಲ್ಲಿ ಪಟ್ಟೇದಾರರ ಹೆಸರು, ಜೊತೆಗೆ ಒಕ್ಕದ, ಅಂದರೆ ಕುಲದ, ಎಷ್ಟೋ ಮಂದಿಯ ಹೆಸರು ಇರುವಾಗ, ಅದರಲ್ಲಿ ನಿಮ್ಮ ಪಾಲು ಯಾವುದು ಎಂದು ಬಿಡಿಸಿ ಹೇಳುವುದು ನಮ್ಮ ತಹಶೀಲ್ದಾರರಿಗೇ ಸುಲಭವಲ್ಲ. ಮೌಲ್ಯಮಾಪನಕ್ಕೆ ಕೊಡುವ ದುಡ್ಡು ದಂಡ.

ಅವರಿಗೆ ಬೇಕಾದದ್ದು ನೀವು ತೆಗೆದು ಖರ್ಚು ಮಾಡಬಹುದಾದ ಹಣ. ಮೂವರ ಕುಟುಂಬಕ್ಕೆ 2025ರ ಜೂನಿನಲ್ಲಿದ್ದ ಮೊತ್ತ 22,483 ಕೆನಡಾ ಡಾಲರ್, ನಮ್ಮ ಲೆಕ್ಕದಲ್ಲಿ ಸುಮಾರು 14 ಲಕ್ಷ ರೂಪಾಯಿ. ವರ್ಷಕ್ಕೊಮ್ಮೆ ಅದನ್ನು ಏರಿಸುತ್ತಾರೆ, ಆದ್ದರಿಂದ ಸ್ವಲ್ಪ ಹೆಚ್ಚೇ ಇಟ್ಟುಕೊಳ್ಳಿ. ಬ್ಯಾಂಕಿನ ಪತ್ರದಲ್ಲಿ ಖಾತೆ ಸಂಖ್ಯೆ, ಖಾತೆ ತೆರೆದ ದಿನಾಂಕ, ಇಂದಿನ ಶಿಲ್ಕು, ಹಿಂದಿನ ಆರು ತಿಂಗಳ ಸರಾಸರಿ ಶಿಲ್ಕು, ನಿಮ್ಮ ಸಾಲಗಳ ವಿವರ ಇರಬೇಕು. ಸಾಲದ ಹಣ ನಡೆಯುವುದಿಲ್ಲ. ತೋಟದ ಮೇಲಿನ ಬೆಳೆ ಸಾಲವನ್ನು ತೆಗೆದು ಎಸ್‌ಬಿ ಖಾತೆಗೆ ಹಾಕಿ ತೋರಿಸಲು ನೋಡಿದವರನ್ನು ನಾನು ಕಂಡಿದ್ದೇನೆ. ಪತ್ರದಲ್ಲಿ ಸಾಲವನ್ನೂ ನಮೂದಿಸಬೇಕಾದ್ದರಿಂದ ಅದು ಅಲ್ಲಿಯೇ ಬಯಲಾಗುತ್ತದೆ.

ಕಾಫಿ, ಮೆಣಸು ಮಾರಿ ಬಂದ ಹಣವನ್ನು ತಂದೆಯವರು ನಿಮಗೆ ಕೊಡುವುದಾದರೆ ಅದನ್ನು ದಾನವೆಂದೇ ಕೊಡಲಿ. ಹಿಂದಿರುಗಿಸಬೇಕಾಗಿಲ್ಲ ಎಂಬ ಒಕ್ಕಣೆ ಇರುವ ದಾನಪತ್ರ, ಅವರ ಖಾತೆಯಿಂದ ನಿಮ್ಮ ಖಾತೆಗೆ ಚೆಕ್ಕಿನ ಮೂಲಕ ವರ್ಗಾವಣೆ, ಅವರ ಖಾತೆಗೆ ಆ ಹಣ ಬಂದದ್ದಕ್ಕೆ ಮಾರಾಟದ ಚೀಟಿ, ಈ ಮೂರೂ ಒಂದಕ್ಕೊಂದು ಹೊಂದಿಕೊಂಡಿರಲಿ. ಫಸಲಿನ ಕಾಲದಲ್ಲಿ ಒಮ್ಮೆಲೇ ದೊಡ್ಡ ಮೊತ್ತ ಬರುವುದು ನಮಗೆ ಸಹಜ, ಅಲ್ಲಿ ಕುಳಿತು ಓದುವವರಿಗೆ ಅದು ಸಂಶಯ. ಜನವರಿ ಫೆಬ್ರವರಿಯಲ್ಲಿ ಕೊಯ್ಲು ಮುಗಿದು ಮಾರಾಟವಾಗುತ್ತದೆ ಎಂದು ಎರಡು ಸಾಲಿನ ವಿವರಣೆ ಇಟ್ಟರೆ ಒಳ್ಳೆಯದು.

ಅಮ್ಮತ್ತಿಯ ಟೀಚರ್, ಬೆಂಡಿಗೊ
2025 ಜೂನ್ 10

ಇಬ್ಬರ ಮಾತನ್ನೂ ಓದಿದೆ. ಇಷ್ಟೆಲ್ಲ ಲೆಕ್ಕದಲ್ಲಿ ಒಂದು ಪ್ರಶ್ನೆಯನ್ನು ಯಾರೂ ಕೇಳಲಿಲ್ಲ. ಮುಖ್ಯ ಅರ್ಜಿದಾರರು ಗಂಡನೇ ಏಕೆ ಆಗಬೇಕು?

ಪ್ರಶ್ನೆ ಕೇಳಿದವರೇ, ನಿಮ್ಮ ಪತ್ನಿ 29 ವರ್ಷದ ಗಣಿತದ ಟೀಚರ್. ಪ್ರೌಢಶಾಲಾ ಶಿಕ್ಷಕರ ಹುದ್ದೆ ಆಸ್ಟ್ರೇಲಿಯಾದ ಕೌಶಲ ಹುದ್ದೆಗಳ ಪಟ್ಟಿಯಲ್ಲಿ ಇದೆ. ವೀಸಾ ಅರ್ಜಿಗಳನ್ನು ಕೈಗೆತ್ತಿಕೊಳ್ಳುವಾಗಲೂ ಶಿಕ್ಷಕರಿಗೆ, ಆರೋಗ್ಯ ಕ್ಷೇತ್ರದವರಿಗೆ ಆದ್ಯತೆ ಕೊಡುತ್ತಾರೆ. ಅವಳ ಲೆಕ್ಕ ನೋಡೋಣ. ವಯಸ್ಸಿಗೆ 30, ಅದು 33 ತುಂಬುವವರೆಗೂ ಹಾಗೆಯೇ ಇರುತ್ತದೆ. ಪದವಿಗೆ 15, ಐದು ವರ್ಷ ಮೀರಿದ ಅನುಭವಕ್ಕೆ 10, ನಾಲ್ಕರಲ್ಲೂ 7 ಬಂದರೆ ಇಂಗ್ಲಿಷಿಗೆ 10. ಇನ್ನು ನೀವು ಸಂಗಾತಿಯಾಗಿ ಅವಳಿಗೆ 10 ತಂದುಕೊಡಬಹುದು. ಅದಕ್ಕೆ ನಿಮ್ಮ ಕೌಶಲದ ಮೌಲ್ಯಮಾಪನ ಆಗಿರಬೇಕು, 45 ವರ್ಷದೊಳಗಿರಬೇಕು, ಇಂಗ್ಲಿಷಿನಲ್ಲಿ ನಾಲ್ಕರಲ್ಲೂ 6 ಇದ್ದರೆ ಸಾಕು. ನಿಮ್ಮನ್ನು ಕಾಡುತ್ತಿರುವ ಆ 6.5 ಇಲ್ಲಿ ಪೂರ್ತಿ ಯೋಗ್ಯ! ಒಟ್ಟು 75 ಆಯಿತು, ನಿಮ್ಮ ಹುಟ್ಟುಹಬ್ಬದ ಗಡಿಬಿಡಿಯೂ ತಪ್ಪಿತು. ಯಾವುದಾದರೂ ರಾಜ್ಯ 190 ಎಂಬ ಕಾಯಂ ವೀಸಾಕ್ಕೆ ನಾಮನಿರ್ದೇಶನ ಮಾಡಿದರೆ ಇನ್ನೂ 5 ಅಂಕ, 491ಕ್ಕೆ ಮಾಡಿದರೆ 15. ಆದರೆ 491 ಐದು ವರ್ಷದ ತಾತ್ಕಾಲಿಕ ವೀಸಾ. ಸಿಡ್ನಿ, ಮೆಲ್ಬರ್ನ್, ಬ್ರಿಸ್ಬೇನ್ ಬಿಟ್ಟು ಬೇರೆ ಕಡೆ ಮೂರು ವರ್ಷ ಇದ್ದು ತೆರಿಗೆಯ ದಾಖಲೆ ತೋರಿಸಿದ ಮೇಲೆ ಪಿಆರ್.

ಇದರಲ್ಲಿ ಕಷ್ಟದ ಮೆಟ್ಟಿಲು ಯಾವುದೆಂದೂ ಹೇಳಿಬಿಡುತ್ತೇನೆ. ಶಿಕ್ಷಕರ ಮೌಲ್ಯಮಾಪನ ಮಾಡುವ ಎಐಟಿಎಸ್‌ಎಲ್ ಸಂಸ್ಥೆಗೆ ಅಕಾಡೆಮಿಕ್ ಐಇಎಲ್‌ಟಿಎಸ್‌ನಲ್ಲಿ ಓದು ಮತ್ತು ಬರಹಕ್ಕೆ 7, ಆಲಿಸುವಿಕೆ ಮತ್ತು ಮಾತಿಗೆ 8 ಬೇಕು. ಮಾತಿಗೆ 8 ಎಂದರೆ ಆಟವಲ್ಲ, ನನಗೆ ಮೂರನೆಯ ಪ್ರಯತ್ನದಲ್ಲಿ ಬಂತು. ಎರಡನೆಯದು, ಬಿ.ಎಡ್. ಸಮಯದಲ್ಲಿ ಶಾಲೆಯಲ್ಲಿ ಮೇಲ್ವಿಚಾರಣೆಯೊಂದಿಗೆ ಪಾಠ ಮಾಡಿದ್ದು ಕನಿಷ್ಠ 45 ದಿನ ಎಂದು ಕಾಲೇಜಿನಿಂದ ಪತ್ರ ಬೇಕು. ಎರಡು ವರ್ಷದ ಬಿ.ಎಡ್. ಆದ್ದರಿಂದ ದಿನಗಳಿಗೆ ಕೊರತೆ ಇರಲಾರದು. ಆದರೆ ನಮ್ಮ ಅಂಕಪಟ್ಟಿಯಲ್ಲಿ ಇಂಟರ್ನ್‌ಶಿಪ್‌ಗೆ ಅಂಕ ಇರುತ್ತದೆಯೇ ಹೊರತು ದಿನಗಳ ಸಂಖ್ಯೆ ಇರುವುದಿಲ್ಲ. ಯಾವ ಶಾಲೆ, ಯಾವ ತರಗತಿ, ಎಷ್ಟು ದಿನ ಎಂದು ಪ್ರಾಂಶುಪಾಲರಿಂದ ಬರೆಸಿಕೊಳ್ಳಿ. ಕಾಲೇಜಿನವರು ‘ಇಂಥ ಪತ್ರವನ್ನು ನಾವು ಯಾರಿಗೂ ಕೊಟ್ಟಿಲ್ಲ’ ಎನ್ನಬಹುದು, ಮಾದರಿಯೊಂದನ್ನು ನೀವೇ ಟೈಪು ಮಾಡಿಸಿ ಕೊಂಡೊಯ್ಯಿರಿ.

ಇನ್ನೊಂದು ವಿಷಯ ಹೇಳುವಾಗ ನನಗೆ ಈಗಲೂ ಸಂತೋಷವಾಗುತ್ತದೆ. ಸಮುದಾಯ ಭಾಷೆಯ ಪರೀಕ್ಷೆಗೆ 5 ಅಂಕವಿದೆ, ನಾಟಿ ಎಂಬ ಸಂಸ್ಥೆ ನಡೆಸುವ ಸಿಸಿಎಲ್ ಪರೀಕ್ಷೆ. ಅದರ ಪಟ್ಟಿಯಲ್ಲಿ ಕನ್ನಡವಿದೆ. ನಮ್ಮ ಮನೆಯ ಮಾತು ಕೊಡವ ತಕ್ಕ್, ಅದು ಪಟ್ಟಿಯಲ್ಲಿ ಇಲ್ಲ. ಆದರೆ ತಾಯ್ನುಡಿ ಯಾವುದೆಂದು ಅವರು ಕೇಳುವುದಿಲ್ಲ, ಶಾಲೆಯಲ್ಲಿ ಕಲಿತ ಕನ್ನಡ ನನ್ನ ಕೈಹಿಡಿಯಿತು. 2023ರಲ್ಲಿ ನಾನು ಬರೆದಾಗ ಎರಡು ಸಂಭಾಷಣೆಗಳು ಬಂದವು, ಒಂದೊಂದಕ್ಕೆ 45 ಅಂಕ. ಒಟ್ಟು 90ರಲ್ಲಿ 63 ಬರಬೇಕು, ಒಂದೊಂದರಲ್ಲೂ 29ಕ್ಕೆ ಕಡಿಮೆಯಾಗಬಾರದು. ಒಬ್ಬರು ಇಂಗ್ಲಿಷಿನಲ್ಲಿ, ಇನ್ನೊಬ್ಬರು ಕನ್ನಡದಲ್ಲಿ ಮಾತನಾಡುತ್ತಾರೆ, ಪ್ರತಿ ತುಣುಕನ್ನೂ ನಾವು ಕೂಡಲೇ ಇನ್ನೊಂದು ಭಾಷೆಗೆ ಒಯ್ಯಬೇಕು. ತುಣುಕು 35 ಪದಗಳಿಗಿಂತ ಉದ್ದ ಇರುವುದಿಲ್ಲ, ಆದರೆ ಅದರಲ್ಲಿ ದಿನಾಂಕ, ಮೊತ್ತ, ಕಾರಣ ಎಲ್ಲವೂ ಇರುತ್ತವೆ, ಒಂದನ್ನು ಬಿಟ್ಟರೂ ಅಂಕ ಹೋಗುತ್ತದೆ. ವಿಮೆ, ಪರಿಹಾರ, ಬಾಡಿಗೆ ಕರಾರು, ಜಾಮೀನು, ದೂರು, ತಪಾಸಣೆ ಇಂಥ ಮಾತುಗಳು ನಾಲಿಗೆ ತುದಿಯಲ್ಲಿ ಇರಬೇಕು. ನಾವೆಲ್ಲ ‘ಕಂಪ್ಲೇಂಟ್ ಕೊಟ್ಟೆ, ಇನ್ಶೂರೆನ್ಸ್ ಕ್ಲೈಮ್ ಮಾಡಿದೆ’ ಎಂದೇ ಮಾತನಾಡಿ ಅಭ್ಯಾಸವಾದವರು. ನಾನು ಎರಡು ತಿಂಗಳು ದಿನಪತ್ರಿಕೆಯನ್ನು ಗಟ್ಟಿಯಾಗಿ ಓದಿ ನಾಲಿಗೆ ತಿರುಗಿಸಿಕೊಂಡೆ. ನಿಮ್ಮ ಪತ್ನಿ ತರಗತಿಯಲ್ಲಿ ಕನ್ನಡ ಬಳಸುವವರಾದರೆ ಅವರಿಗೆ ಇದು ನನ್ನಷ್ಟು ಕಷ್ಟವಾಗಲಾರದು.

ಏಜೆಂಟರ ಬಗ್ಗೆ ಒಂದೇ ಮಾತು. ಆಸ್ಟ್ರೇಲಿಯಾದ ನೋಂದಾಯಿತ ವಲಸೆ ಏಜೆಂಟರಿಗೆ ಏಳು ಅಂಕಿಯ ನೋಂದಣಿ ಸಂಖ್ಯೆ ಇರುತ್ತದೆ. ಆ ಪಟ್ಟಿಯನ್ನು ಯಾರು ಬೇಕಾದರೂ ನೋಡಬಹುದು. ಸಂಖ್ಯೆ ಕೇಳಿ. ಮುಖ್ಯ ಅರ್ಜಿದಾರರಿಗೆ ಸರ್ಕಾರ ಕಟ್ಟಿಸಿಕೊಳ್ಳುವ ವೀಸಾ ಶುಲ್ಕವೇ 2025ರ ಜೂನಿನಲ್ಲಿ 4,765 ಆಸ್ಟ್ರೇಲಿಯಾ ಡಾಲರ್ ಇತ್ತು. ಅದಕ್ಕೆ ಕೂಡಿಡಬೇಕಾದ ಹಣವನ್ನು ಸುಳ್ಳು ಪತ್ರ ಬರೆಸುವವರಿಗೆ ಕೊಡಬೇಡಿ.

ಮಕ್ಕಂದೂರಿನವ
2025 ಜೂನ್ 11

ಅಣ್ಣ, ಸರ್, ಅಕ್ಕ, ಮೂವರಿಗೂ ಕೃತಜ್ಞತೆಗಳು. ನಿನ್ನೆ ರಾತ್ರಿ ಕರೆಂಟ್ ಇರಲಿಲ್ಲ. ಮೊಬೈಲಿನಲ್ಲೇ ನಿಮ್ಮ ಬರಹಗಳನ್ನು ತಂದೆಯವರಿಗೆ ಓದಿ ಹೇಳಿದೆ. ಪತ್ರದ ವಿಷಯ ಬಂದಾಗ ಅವರು ‘ಒಳ್ಳೆಯದಾಯಿತು’ ಎಂದಷ್ಟೇ ಹೇಳಿದರು. ಬರೆದುಕೊಡಲು ಒಪ್ಪಿದ್ದರೂ ಆ ಭಾರ ಅವರಿಗೂ ಇತ್ತೆಂದು ಆಗ ತಿಳಿಯಿತು. ಏಜೆಂಟರಿಗೆ ಬೇಡವೆಂದು ತಿಳಿಸಿದ್ದೇನೆ.

ಪತ್ನಿಯೇ ಮುಖ್ಯ ಅರ್ಜಿದಾರಳಾಗಲು ಒಪ್ಪಿದ್ದಾಳೆ. ಇಷ್ಟು ದಿನ ನಾನು ಅವಳನ್ನು ಕೇಳಿರಲೇ ಇಲ್ಲ, ಅದು ನನ್ನ ತಪ್ಪು. ಆದರೆ ಎರಡು ತೊಡಕುಗಳಿವೆ. ಅವಳು 2019ರ ಜೂನಿನಲ್ಲಿ ಸೇರಿದ್ದು. ಮೊದಲ ಎರಡು ವರ್ಷ ಶಾಲೆಯವರು ಸಂಬಳವನ್ನು ಲಕೋಟೆಯಲ್ಲಿ ನಗದಾಗಿ ಕೊಡುತ್ತಿದ್ದರು, ಖಾತೆಗೆ ಹಾಕಲು ಆರಂಭಿಸಿದ್ದು 2021ರ ಜೂನಿನಿಂದ. ಅಂದರೆ ಬ್ಯಾಂಕಿನಲ್ಲಿ ಕಾಣುವುದು ನಾಲ್ಕು ವರ್ಷ ಮಾತ್ರ. ಹಾಗಾದರೆ ಅನುಭವದ ಅಂಕ 10ರ ಬದಲು 5 ಆಗುತ್ತದೆಯೇ? ಎರಡನೆಯದು ಹೆಸರು. ಎಸ್‌ಎಸ್‌ಎಲ್‌ಸಿಯಿಂದ ಬಿ.ಎಡ್. ವರೆಗೆ ಅವಳ ತವರಿನ ಮನೆ ಹೆಸರಿನ ಇನಿಷಿಯಲ್ ಇದೆ, ಮದುವೆಯ ನಂತರ ಮಾಡಿಸಿದ ಪಾಸ್‌ಪೋರ್ಟಿನಲ್ಲಿ ನಮ್ಮ ಮನೆ ಹೆಸರು ಬಂದಿದೆ.

ಅಮ್ಮತ್ತಿಯ ಟೀಚರ್, ಬೆಂಡಿಗೊ
2025 ಜೂನ್ 12

ಹೆಸರಿನ ವಿಷಯಕ್ಕೆ ಹೆದರಬೇಡಿ, ಕೊಡಗಿನಿಂದ ಬರುವ ಹೆಣ್ಣುಮಕ್ಕಳೆಲ್ಲರದೂ ಇದೇ ಕಥೆ. ಮದುವೆ ನೋಂದಣಿ ಪತ್ರ, ಜೊತೆಗೆ ಎರಡೂ ಹೆಸರು ಒಬ್ಬಳದೇ ಎಂದು ನೋಟರಿಯ ಮುಂದೆ ಮಾಡಿದ ಪ್ರಮಾಣಪತ್ರ ಇಡಿ. ಇನಿಷಿಯಲ್ ಅಕ್ಷರಗಳನ್ನು ಬಿಡಿಸಿ ಪೂರ್ತಿ ಬರೆಯಿರಿ, ತವರಿನ ಮನೆ ಹೆಸರು ಯಾವುದು, ತಂದೆಯ ಹೆಸರು ಯಾವುದು, ಮದುವೆಯ ನಂತರ ಮನೆ ಹೆಸರು ಬದಲಾಗುವುದು ಕೊಡವರ ಪದ್ಧತಿ ಎಂದು ಒಂದು ಸಾಲು ಸೇರಿಸಿ. ಎಐಟಿಎಸ್‌ಎಲ್, ಪರೀಕ್ಷೆ, ವೀಸಾ ಅರ್ಜಿ ಮೂರರಲ್ಲೂ ಪಾಸ್‌ಪೋರ್ಟಿನಲ್ಲಿ ಇರುವಂತೆಯೇ ಹೆಸರು ಇರಲಿ, ಒಂದು ಅಕ್ಷರವೂ ಆಚೀಚೆ ಆಗದಿರಲಿ.

ನಗದು ಸಂಬಳದ ವಿಷಯಕ್ಕೆ ದಾರಿ ಶಾಲೆಯಲ್ಲಿಯೇ ಇರಬಹುದು. ನಗದು ಕೊಡುವ ಶಾಲೆಗಳು ವೇತನ ಬಟವಾಡೆ ಪುಸ್ತಕ ಇಡುತ್ತವೆ. ಶಿಕ್ಷಕರು ರೆವಿನ್ಯೂ ಸ್ಟಾಂಪಿನ ಮೇಲೆ ಸಹಿ ಹಾಕಿ ಹಣ ಪಡೆದಿರುತ್ತಾರೆ. ಆ ಪುಟಗಳ ಪ್ರತಿಯನ್ನು ಮುಖ್ಯೋಪಾಧ್ಯಾಯರಿಂದ ದೃಢೀಕರಿಸಿಕೊಳ್ಳಿ, ಹಾಜರಿ ಪುಸ್ತಕದ ಪ್ರತಿಯನ್ನೂ ಸೇರಿಸಿ. ಶಾಲೆಯ ಅನುಭವ ಪತ್ರದಲ್ಲಿ ವಿಷಯ, ತರಗತಿ, ವಾರಕ್ಕೆ ಎಷ್ಟು ಗಂಟೆ, ಸಂಬಳ ಎಷ್ಟು, ಎಲ್ಲಿಯವರೆಗೆ ನಗದು, ಎಲ್ಲಿಂದ ಬ್ಯಾಂಕು ಎಂದು ಸ್ಪಷ್ಟವಾಗಿರಲಿ. ಕೊರೊನಾ ಕಾಲದಲ್ಲಿ ಸಂಬಳ ನಿಂತ ತಿಂಗಳುಗಳಿದ್ದರೆ ಅವುಗಳನ್ನು ಲೆಕ್ಕದಿಂದ ಬಿಟ್ಟುಬಿಡಿ. ವಾರಕ್ಕೆ 20 ಗಂಟೆಯಾದರೂ ದುಡಿದು, ಅದಕ್ಕೆ ಸಂಬಳ ಪಡೆದಿದ್ದರೆ ಮಾತ್ರ ಅದು ಎಣಿಕೆಗೆ ಬರುವ ಕೆಲಸ.

ಮಕ್ಕಂದೂರಿನವ
2025 ಜೂನ್ 29

ಅಕ್ಕ, ತಡವಾಗಿ ಬರೆಯುತ್ತಿದ್ದೇನೆ, ಮಳೆಗೆ ನಡುವೆ ಎಂಟು ದಿನ ಶಾಲೆಗೆ ಹೋಗಿ ಕೇಳಲು ಆಗಿರಲಿಲ್ಲ.

ಬಟವಾಡೆ ಪುಸ್ತಕ ಸಿಕ್ಕಿತು. ಕಚೇರಿಯ ಅಟ್ಟದ ಮೇಲಿನ ಕಬ್ಬಿಣದ ಪೆಟ್ಟಿಗೆಯಲ್ಲಿ ಇತ್ತು. ಥಂಡಿಗೆ ಪುಟಗಳು ಒಂದಕ್ಕೊಂದು ಅಂಟಿಕೊಂಡಿದ್ದವು, ಸ್ಟಾಂಪುಗಳ ಗೋಂದು ಎದುರು ಪುಟಕ್ಕೆ ಹತ್ತಿತ್ತು. ಗುಮಾಸ್ತರು ಒಲೆಯ ಪಕ್ಕ ಇಟ್ಟು ಎರಡು ದಿನ ಒಣಗಿಸಿ, ಅಡಿಕೋಲಿನಿಂದ ಒಂದೊಂದಾಗಿ ಬಿಡಿಸಿಕೊಟ್ಟರು. ಎರಡು ವರ್ಷದ 24 ತಿಂಗಳಲ್ಲಿ 19 ತಿಂಗಳಿಗೆ ಅವಳ ಸಹಿ ಇದೆ. 2020ರಲ್ಲಿ ಐದು ತಿಂಗಳು ಅವಳ ಹೆಸರಿನ ಮುಂದೆ ಗೆರೆ ಎಳೆದಿದ್ದಾರೆ. ಆ ತಿಂಗಳುಗಳಲ್ಲಿ ಅವಳು ಮೊಬೈಲಿನಲ್ಲಿ ಮಕ್ಕಳಿಗೆ ಪಾಠ ಮಾಡಿದ್ದು ನಿಜ, ಸಂಬಳ ಬರಲಿಲ್ಲ ಎಂಬುದೂ ನಿಜ. ನೀವು ಹೇಳಿದಂತೆ ಅವನ್ನು ಬಿಟ್ಟಿದ್ದೇವೆ. ಆದರೂ ಐದು ವರ್ಷ ಏಳು ತಿಂಗಳು ಉಳಿಯುತ್ತದೆ.

ಇಂಟರ್ನ್‌ಶಿಪ್ ಪತ್ರಕ್ಕೆ ಮಾದರಿ ಟೈಪು ಮಾಡಿಸಿ ಅವಳ ಕಾಲೇಜಿಗೆ ಕೊಟ್ಟಿದ್ದೇವೆ. ಅವಳ ಐಇಎಲ್‌ಟಿಎಸ್ ಆಗಸ್ಟ್ ಮೊದಲ ವಾರ ಮೈಸೂರಿನಲ್ಲಿ. ನಾನು ತಡೆಗೋಡೆಯ ಪ್ರಸಂಗವನ್ನು ಬರೆಯಲು ಕುಳಿತಿದ್ದೇನೆ. ಅಣ್ಣ ಹೇಳಿದ್ದು ಸರಿ, ಮೊದಲ ಪುಟದಲ್ಲೇ ಹನ್ನೊಂದು ಕಡೆ ‘ನಾವು’ ಎಂದು ಬರೆದಿದ್ದೆ. ಅವಳು ಕೆಂಪು ಪೆನ್ನಿನಲ್ಲಿ ಎಲ್ಲವನ್ನೂ ಸುತ್ತು ಹಾಕಿ ವಾಪಸ್ ಕೊಟ್ಟಿದ್ದಾಳೆ.